ಅಡಿಬರಹ ಬೇಡವೆಂದವಳು

ಪ್ಯೊ ಸುನ್ಹೆ ತೀರಿಕೊಂಡಳು. ಮಾರ್ಚ್ ಆರರ ಮಧ್ಯಾಹ್ನ, ಇಂಚಾನ್ ಬಂದರಿನ ಹತ್ತಿರದ ಆಸ್ಪತ್ರೆಯ ಐದನೆಯ ಮಹಡಿಯಲ್ಲಿ. ವಯಸ್ಸು ಅರವತ್ತಮೂರು. ಮೇದೋಜೀರಕ ಗ್ರಂಥಿಯ ಕ್ಯಾನ್ಸರ್. ಸಾಕ್ಷ್ಯಚಿತ್ರ ತೆಗೆಯುತ್ತಿದ್ದಳು.

ಅವಳ ಮಾತನ್ನು ನಡುವೆ ಹಿಡಿದು ಬೇರೆಯವರು ಮುಗಿಸಿಕೊಟ್ಟರೆ ಅವಳಿಗೆ ಮೈಯೆಲ್ಲ ಉರಿಯುತ್ತಿತ್ತು. ನಮ್ಮಲ್ಲಿ ಹಾಗೆ ಮುಗಿಸಿಕೊಡುವುದು ಸೌಜನ್ಯ. ಎದುರಿಗೆ ಕೂತವರ ಮನಸ್ಸನ್ನು ಅವರು ಬಾಯಿ ತೆರೆಯುವ ಮೊದಲೇ ಅರಿತವನು ಜಾಣ. ಅತ್ತೆ ಕೇಳುವ ಮೊದಲೇ ನೀರು ತಂದಿಟ್ಟವಳು ಒಳ್ಳೆಯ ಸೊಸೆ. ಸಾಹೇಬರು ಹುಬ್ಬು ಹಾರಿಸಿದೊಡನೆ ಕಡತ ಹಿಡಿದು ನಿಂತವನಿಗೆ ಬಡ್ತಿ. ಸುನ್ಹೆಗೆ ಇದೆಲ್ಲ ಕಳ್ಳತನದಂತೆ ಕಾಣುತ್ತಿತ್ತು. ಯಾರಾದರೂ ಅವಳ ವಾಕ್ಯದ ಬಾಲ ಹಿಡಿದರೆ ಅವಳು ಅಲ್ಲಿಗೇ ನಿಲ್ಲಿಸಿ, ಮತ್ತೆ ಮೊದಲಿನಿಂದ ಅದೇ ವಾಕ್ಯವನ್ನು ಹೇಳಿ, ಬೇಕೆಂದೇ ಬೇರೆ ಕಡೆಗೆ ಮುಗಿಸುತ್ತಿದ್ದಳು. ಒಮ್ಮೆ ಸಾರಿನ ಅಂಗಡಿಯಲ್ಲಿ, ಬೆಳಗಿನಿಂದ ಹೊಟ್ಟೆಗೇನೂ ಇಲ್ಲದೆ ಕೂತಿದ್ದವಳು, "ಅತ್ತಿಗೇ, ನನಗೊಂದು ಬಟ್ಟಲು..." ಎನ್ನುತ್ತಿದ್ದಂತೆ ಒಲೆಯ ಮುಂದಿದ್ದ ಹೆಂಗಸು, "ಕಿಮ್ಚಿ ಸಾರು ತಾನೆ, ಗೊತ್ತು ಬಿಡಮ್ಮ" ಎಂದಳು. "ಇಲ್ಲ. ನನಗೊಂದು ಬಟ್ಟಲು ಬಿಸಿನೀರು" ಎಂದಳು ಸುನ್ಹೆ. ಬಿಸಿನೀರು ಕುಡಿದಳು. ಕಿಮ್ಚಿ ಸಾರಿಗೆಂದೇ ಅರ್ಧ ಗಂಟೆ ನಡೆದು ಅಲ್ಲಿಗೆ ಬಂದಿದ್ದೆವು.

ಕುಳ್ಳಗೆ, ಅಗಲಕ್ಕೆ ಇದ್ದಳು. ಬೂಟಿನ ಹಿಮ್ಮಡಿಯನ್ನು ತುಳಿದು ಚಪ್ಪಲಿಯಂತೆ ಮಾಡಿಕೊಂಡು, ಎರಡು ಕಾಲನ್ನೂ ಎಳೆಯುತ್ತ ನಡೆಯುವಳು. ಆ ಸದ್ದಿಗೆ ಹೆದರಿ ಧ್ವನಿಮುದ್ರಣದವರು ಅವಳನ್ನು ಕುರ್ಚಿಗೆ ಕೂರಿಸಿಬಿಡುತ್ತಿದ್ದರು. ಮಳೆ ಬಿಸಿಲೆನ್ನದೆ ಮೈಮೇಲೆ, ಮೀನಿಗೆ ಗಾಳ ಹಾಕುವವರು ತೊಡುವ ತೋಳಿಲ್ಲದ ಅಂಗಿ. ಅದರ ಹದಿನೈದೋ ಹದಿನಾರೋ ಜೇಬುಗಳಲ್ಲಿ ಬ್ಯಾಟರಿಗಳ ಜೊತೆ ಸುಟ್ಟ ಚೆಸ್ಟ್‌ನಟ್ ಕಾಯಿಗಳು ಬೆರೆತಿರುತ್ತಿದ್ದವು. ಒಂದು ಸಲ ಸಂದರ್ಶನದ ಮಧ್ಯೆ ಕ್ಯಾಮೆರಾ ನಿಂತಾಗ ಗಾಬರಿಯಲ್ಲಿ ಅವಳು ಬ್ಯಾಟರಿಯ ಜಾಗಕ್ಕೆ ಕಾಯಿ ತುರುಕಲು ಹೋದದ್ದನ್ನು ನಾನೇ ಕಂಡಿದ್ದೇನೆ.

ಅವಳ ತಂದೆ ದೇಗು ಪಟ್ಟಣದಲ್ಲಿ ಬಸ್ಸು ಓಡಿಸುತ್ತಿದ್ದರು. ಒಂದೇ ದಾರಿ, ಇಪ್ಪತ್ತಾರು ವರ್ಷ. ಒಂದು ಸಂಜೆ ಕಾಲು ತೊಳೆಯುತ್ತ ಅವರು ಹೆಂಡತಿಗೆ ಹೇಳಿದರಂತೆ: "ಸೇತುವೆಯಿಂದ ಮಾರ್ಕೆಟ್‌ವರೆಗೆ ಇವತ್ತು ಬಸ್ಸು ಯಾರು ಓಡಿಸಿದ್ರೋ ನನಗೆ ಗೊತ್ತಿಲ್ಲ ಕಣೇ." ಹೆಂಡತಿ ನಕ್ಕಳು. ಹನ್ನೆರಡು ವರ್ಷದ ಮಗಳು ನಗಲಿಲ್ಲ. ನಾಲ್ಕು ನಿಲ್ದಾಣಗಳಲ್ಲಿ ಹತ್ತಿ ಇಳಿದ ಜನರನ್ನು ಹೊತ್ತು, ಕೆಂಪು ದೀಪಕ್ಕೆ ನಿಂತು, ಹಸಿರಿಗೆ ಹೊರಟ ಆ ಬಸ್ಸನ್ನು ನಡೆಸಿದವರು ಯಾರು ಎಂಬ ಪ್ರಶ್ನೆ ಅವಳನ್ನು ಹಿಡಿದುಕೊಂಡಿತು. ಮುಂದಿನ ಅರ್ಧ ಶತಮಾನ ಬಿಡಲಿಲ್ಲ. ಮೊದಲ ಚಿತ್ರ ಚಾಲಕರ ಮೇಲೆಯೇ. ಎರಡನೆಯದು ಶಸ್ತ್ರಚಿಕಿತ್ಸೆಗೆ ಮಲಗಿದವರು ಅರಿವಳಿಕೆ ಏರುವಾಗ ನೂರರಿಂದ ಹಿಂದಕ್ಕೆ ಎಣಿಸುವುದು. ಎಪ್ಪತ್ತು ಜನ ಎಣಿಸುತ್ತಾರೆ, ಯಾರೋ ತೊಂಬತ್ತನಾಲ್ಕಕ್ಕೆ ನಿಲ್ಲುತ್ತಾರೆ, ಯಾರೋ ತೊಂಬತ್ತೊಂದಕ್ಕೆ. ಎಚ್ಚರವಾದಾಗ ಒಬ್ಬ ಮೀನುಗಾರ ಕಣ್ಣು ಬಿಡುವ ಮೊದಲೇ "ತೊಂಬತ್ತು" ಎನ್ನುತ್ತಾನೆ. ಆ ಒಂದು ಶಬ್ದಕ್ಕಾಗಿ ಅವಳು ಎರಡು ವರ್ಷ ಆಸ್ಪತ್ರೆಗಳ ಬಾಗಿಲು ಕಾದಳು. ಅವಳ ತಾಯಿ ಸತ್ತದ್ದೂ ಆಗಲೇ. ಅವಳು ಬರುವಷ್ಟರಲ್ಲಿ ಮಣ್ಣು ಮಾಡಿ ಆಗಿತ್ತು. ಅವಳ ಅಣ್ಣ ತಾನು ಸಾಯುವ ತನಕ ಅವಳ ಮುಖ ನೋಡಲಿಲ್ಲ. ಅವನು ತಪ್ಪೆಂದು ನಾನು ಎಂದೂ ಹೇಳಲಾರೆ.

ಮೂರನೆಯ ಚಿತ್ರ ಮೈಮೇಲೆ ದೇವರು ಬರುವ ಒಬ್ಬ ಮುದುಕಿಯದು. ಕುಣಿತ ಮುಗಿದು, ಬೆವರು ಒರೆಸಿಕೊಂಡು, ಅನ್ನ ಉಣ್ಣುತ್ತಿದ್ದ ಮುದುಕಿಯನ್ನು ಸುನ್ಹೆ ಕೇಳಿದಳು: "ಅಜ್ಜೀ, ದೇವರು ಒಳಗೆ ಇದ್ದಾಗ ನೀನು ಎಲ್ಲಿದ್ದೆ?"

"ಎಲ್ಲಿರ್ತೀನಿ? ಬಾಗಿಲಲ್ಲಿ ಚಪ್ಪಲಿ ಕಾಯ್ತಾ ಕೂತಿದ್ದೆ. ಹೋದ ಸಲ ಯಾರೋ ಹಾಕ್ಕೊಂಡು ಹೋದ್ರು."

ದೊಡ್ಡ ದೊಡ್ಡ ವಿದ್ವಾಂಸರು ಪ್ರಜ್ಞೆಯ ಬಗ್ಗೆ ಆಡಿದ ಮಾತುಗಳನ್ನು ಅವಳು ಓದಿದ್ದಳು, ಟಿಪ್ಪಣಿಗಳ ರಾಶಿಯೇ ಇತ್ತು. ಆದರೆ ಯಾರು ಕೇಳಿದರೂ ಹೇಳುತ್ತಿದ್ದದ್ದು ಈ ಚಪ್ಪಲಿಯ ಮಾತನ್ನು.

ಅವಳು ಯಾರ ಎದುರಿಗೂ ಕೂರುತ್ತಿರಲಿಲ್ಲ. ಕ್ಯಾಮೆರಾವನ್ನು ಮೂರು ಕಾಲಿನ ಮೇಲೆ ನಿಲ್ಲಿಸಿ, ತಾನು ಹೋಗಿ ಆ ಮನುಷ್ಯನ ಪಕ್ಕದಲ್ಲಿ, ಅವನು ನೋಡುತ್ತಿದ್ದ ಕಡೆಗೇ ನೋಡುತ್ತ ಕೂರುವಳು. ಬಹಳ ಹೊತ್ತಾದ ಮೇಲೆ "ಈಗ ಏನಿದೆ?" ಎಂದು ಕೇಳುವಳು. ಉತ್ತರ ಬಂದರೆ ಬಂತು. ಬಾರದಿದ್ದರೆ ಆ ಮೌನವನ್ನು ಪೂರ್ತಿ ಇಟ್ಟುಕೊಳ್ಳುವಳು. ನಾನು ಒಂದು ಟಿವಿ ವಾಹಿನಿಯಲ್ಲಿ ನಿರೂಪಣೆ, ಅಡಿಬರಹ ಬರೆಯುತ್ತಿದ್ದೆ. ಅವಳ ಚಿತ್ರಗಳಿಗೆ ನನ್ನನ್ನು ಹಾಕಿದಾಗ ನನಗೆ ಮಾಡಲು ಏನೂ ಇರುತ್ತಿರಲಿಲ್ಲ. "ಬಾರೇ, ಕೆಲಸ ಇಲ್ಲದ ಲೇಖಕಿ," ಎಂದು ಕರೆದು ಪಕ್ಕದಲ್ಲಿ ಕೂರಿಸಿಕೊಂಡು ಚೆಸ್ಟ್‌ನಟ್ ಸುಲಿಸುತ್ತಿದ್ದಳು.

ಹೀಗಿರುವಾಗ ಹನ್ನೆರಡು ವರ್ಷದ ಹಿಂದೆ ತೇಹೊನ ಚಿತ್ರ ಆಯಿತು.

ತೇಹೊ ಇಪ್ಪತ್ತೇಳರ ಹುಡುಗ. ಸ್ಕೂಟರಿನಲ್ಲಿ ಊಟ ತಲುಪಿಸುತ್ತಿದ್ದವನು ಲಾರಿಗೆ ಸಿಕ್ಕಿ, ಮೂರು ವರ್ಷದಿಂದ ಕಣ್ಣು ತೆರೆದುಕೊಂಡು ಮಲಗಿದ್ದ. ಕಣ್ಣು ತೆರೆದಿತ್ತು ಅಷ್ಟೆ. ಒಳಗೆ ಯಾರಾದರೂ ಇದ್ದಾರೆಯೇ ಎಂದು ವೈದ್ಯರು ಯಂತ್ರ ಹಚ್ಚಿ ನೋಡಿ, ಹೇಳಲಾಗದು ಎಂದಿದ್ದರು. ತಾಯಿ ಬಂದರಿನ ಮಾರುಕಟ್ಟೆಯಲ್ಲಿ ಉಪ್ಪು ಹಾಕಿದ ಸೀಗಡಿ ಮಾರುವವಳು. ಅಂಗಡಿ ಮುಚ್ಚಿ ದಿನವೂ ಬಂದು ಮಗನ ಬೆರಳು ನೀವುತ್ತಿದ್ದಳು. ಸುನ್ಹೆ ಹದಿನಾಲ್ಕು ತಿಂಗಳು ಅವನ ಪಕ್ಕದಲ್ಲಿ ಕೂತಳು, ಅವನು ನೋಡುತ್ತಿದ್ದ ಮೇಲ್ಛಾವಣಿಯನ್ನೇ ನೋಡುತ್ತ. ಕೊನೆಗೆ ಒಂದು ದೃಶ್ಯ ಸಿಕ್ಕಿತು. ಒಂಬತ್ತು ನಿಮಿಷ ಅವನ ಮುಖ. ಏಳನೆಯ ನಿಮಿಷದಲ್ಲಿ, ತಾಯಿ ಬೆರಳು ನೀವುತ್ತಿರುವಾಗ, ತುಟಿ ಎರಡು ಸಲ ತೆರೆದು ಮುಚ್ಚಿಕೊಳ್ಳುತ್ತದೆ. ಸದ್ದಿಲ್ಲ. ಅಷ್ಟೇ ಚಿತ್ರ.

ವಾಹಿನಿಯವರು ಒಂಬತ್ತನ್ನು ಎರಡು ನಿಮಿಷಕ್ಕೆ ಇಳಿಸಿದರು. ಅವಳು ಹಲ್ಲು ಕಚ್ಚಿಕೊಂಡು ಒಪ್ಪಿದಳು, ಒಂದು ಷರತ್ತಿನ ಮೇಲೆ: ಆ ಮುಖದ ಕೆಳಗೆ ಒಂದಕ್ಷರವೂ ಬರಬಾರದು. ನಮ್ಮ ಟಿವಿಯನ್ನು ನೋಡಿದವರಿಗೆ ಈ ಷರತ್ತಿನ ತೂಕ ಗೊತ್ತಾಗುತ್ತದೆ. ಇಲ್ಲಿ ನಾಯಿ ಬಾಲ ಅಲ್ಲಾಡಿಸಿದರೆ ಅದರ ಕೆಳಗೆ ಅದರ ಮನಸ್ಸಿನ ಮಾತು ಬಣ್ಣದ ಅಕ್ಷರದಲ್ಲಿ ಬರುತ್ತದೆ. ಮುದುಕ ಸುಮ್ಮನೆ ಕೂತರೆ 'ಹಳೆಯ ನೆನಪು ಕಾಡುತ್ತಿದೆ' ಎಂದು ಬರುತ್ತದೆ. ಅದನ್ನು ಬರೆಯುವವರು ನನ್ನಂಥವರು. ನನಗೆ ಅದರಲ್ಲಿ ಒಳ್ಳೆಯ ಹೆಸರಿತ್ತು.

ಪ್ರಸಾರದ ಹಿಂದಿನ ದಿನ ವಿಭಾಗದ ಮುಖ್ಯಸ್ಥ ಬಾಂಗ್ ನನ್ನನ್ನು ಕರೆದರು.

"ಲೇಖಕಿಯವರೇ, ಆ ತುಟಿ ಅಲ್ಲಾಡೋ ಕಡೆ ಖಾಲಿ ಬಿಟ್ಟಿದೀರಲ್ಲ?"

"ಅಲ್ಲಿ ಏನೂ ಹಾಕ್ಬಾರ್ದು ಅಂತ ಸುನ್ಹೆ ಅಕ್ಕ ಹೇಳಿದಾರೆ ಸಾರ್."

"ಅವರು ಹೇಳ್ತಾರೆ, ಕಲಾವಿದರು. ಮನೇಲಿ ಕೂತು ನೋಡೋರು ಹುಡುಗ ಆಕಳಿಸಿದ ಅಂದ್ಕೋತಾರೆ. ಒಂದು ಸಾಲು ಸಾಕು. ಏನು ಅಂತ ನಾನು ಹೇಳ್ಕೊಡ್ಬೇಕಾ ನಿಮಗೆ?"

ಹೇಳಿಕೊಡಬೇಕಾಗಿರಲಿಲ್ಲ. ಅವರ ಮನಸ್ಸಿನಲ್ಲಿದ್ದದ್ದು ನನಗೆ ಆಗಲೇ ತಿಳಿದಿತ್ತು. ಅದೇ ನನ್ನ ಜಾಣತನ. ಹೋಗಿ ಕೂತು ಬರೆದೆ. ಒಂದು ನಿಮಿಷವೂ ಹಿಡಿಯಲಿಲ್ಲ. ಮರುದಿನ ಆ ತುಟಿ ತೆರೆದಾಗ ಪರದೆಯ ಮೇಲೆ ಬಿಳಿಯ ಅಕ್ಷರ ಮೂಡಿತು: 'ಅಮ್ಮಾ... ನಾನು ಇಲ್ಲೇ ಇದ್ದೀನಿ.'

ದೇಶವೆಲ್ಲ ಅತ್ತಿತು. ಬಾಂಗ್ ಎಲ್ಲರಿಗೂ ಕೇಕ್ ತರಿಸಿದರು. ನಾನೂ ತಿಂದೆ.

ಸುನ್ಹೆ ಬಂದದ್ದು ಇಪ್ಪತ್ತು ದಿನದ ಮೇಲೆ. ಕಾರಿಡಾರಿನಲ್ಲಿ ಆ ಬೂಟಿನ ಸದ್ದು ಕೇಳಿತು. ಬಾಗಿಲಲ್ಲಿ ನಿಂತು, "ಏಳು," ಎಂದಳು.

"ಅಕ್ಕಾ, ಈಗ ಮೀಟಿಂಗ್..."

"ಏಳು ಅಂದೆ."

ರೈಲಿನಲ್ಲಿ ಒಂದು ಗಂಟೆಯ ದಾರಿ. ನೇರ ತೇಹೊನ ಕೋಣೆಗೆ ಕರೆದುಕೊಂಡು ಹೋದಳು. ತೇಹೊನ ತಾಯಿ ಅಂಗಡಿ ಮುಚ್ಚಿ ಮೂರು ವಾರವಾಗುತ್ತ ಬಂದಿತ್ತು. ಕುರ್ಚಿಯನ್ನು ದಿಂಬಿಗೆ ತಾಗಿಸಿಕೊಂಡು, ಮಗನ ಬಾಯಿಯ ಹತ್ತಿರ ಕಿವಿ ಇಟ್ಟು ಕೂತಿದ್ದಳು. ಮನೆಗೆ ಹೋಗಿರಲಿಲ್ಲ. ನರ್ಸುಗಳು ಹತ್ತಿರ ಬಂದರೆ, ಮಾತು ಕೇಳಿಸುವುದಿಲ್ಲ ಹೋಗಿ ಎಂದು ಓಡಿಸುತ್ತಿದ್ದಳಂತೆ. ಸುನ್ಹೆಯನ್ನು ಕಂಡವಳೇ ಅವಳ ಅಂಗಿ ಹಿಡಿದುಕೊಂಡಳು.

"ಮೇಡಂ, ನಿಮಗೆ ಕೇಳಿಸ್ತು. ದೇಶಕ್ಕೆಲ್ಲ ಕೇಳಿಸ್ತು. ಹೆತ್ತೋಳು ನಾನು, ನನಗ್ಯಾಕೆ ಕೇಳಿಸ್ತಿಲ್ಲ? ಅವತ್ತೂ ಕೈ ಹಿಡ್ಕೊಂಡು ಪಕ್ಕದಲ್ಲೇ ಇದ್ದೆನಲ್ಲ! ಕಿವಿ ಡಾಕ್ಟರ ಹತ್ರಾನೂ ಹೋಗಿ ಬಂದೆ. ಕಿವಿ ಚೆನ್ನಾಗಿದೆ ಅಂತಾರೆ. ಮತ್ತೆ ನನಗೇ ಯಾಕೆ?"

"ನಿಮ್ಮ ಕಿವಿ ಸರಿ ಇದೆ," ಎಂದಳು ಸುನ್ಹೆ. ಆಮೇಲೆ ನನ್ನ ಕಡೆ ತಿರುಗಿ, "ಹೇಳು."

"ಆ ಮಾತು... ನಾನು ಬರೆದದ್ದು ಅಮ್ಮ."

"ಹೌದು, ಅವನು ಹೇಳಿದ್ದನ್ನ ಬರೆದ್ರಿ."

"ಅವನು ಏನೂ ಹೇಳ್ಲಿಲ್ಲ. ನಾನೇ ಅಂದ್ಕೊಂಡು ಬರೆದೆ."

ತೇಹೊನ ತಾಯಿ ನನ್ನಿಂದ ಮುಖ ತಿರುಗಿಸಿದಳು. ಆಮೇಲೆ ಸುನ್ಹೆಯನ್ನು ಕೇಳಿದಳು: "ಹಾಗಾದ್ರೆ ಇವನು ಒಳಗೆ ಇಲ್ವಾ?"

"ಗೊತ್ತಿಲ್ಲ. ಇರಬಹುದು, ಇಲ್ಲದೇನೂ ಇರಬಹುದು. ಹದಿನಾಲ್ಕು ತಿಂಗಳು ನೋಡಿದೆ ಅಮ್ಮ, ನನಗೆ ಗೊತ್ತಾಗ್ಲಿಲ್ಲ."

ಆ ಕ್ಷಣ ನಾನು ಸುನ್ಹೆಯನ್ನು ದ್ವೇಷಿಸಿದೆ. ಇದ್ದಾನೆ ಎಂದು ಒಂದು ಮಾತು ಹೇಳಿದ್ದರೆ ಅವಳ ಗಂಟೇನು ಹೋಗುತ್ತಿತ್ತು ಎಂದು ಎಷ್ಟೋ ವರ್ಷ ಒಳಗೊಳಗೆ ಕುದ್ದಿದ್ದೇನೆ. ಆದರೆ ತೇಹೊನ ತಾಯಿ ಅಳಲಿಲ್ಲ. ಚೀಲದಿಂದ ಒಂದು ಕಿತ್ತಳೆ ತೆಗೆದು ಸುಲಿದಳು. ಅರ್ಧ ಸುನ್ಹೆಗೆ ಕೊಟ್ಟಳು, ಅರ್ಧ ತಾನು ತಿಂದಳು. ನನಗೆ ಕೊಡಲಿಲ್ಲ. ಆಮೇಲೆ ಎದ್ದು, ಕುರ್ಚಿಯನ್ನು ಹಿಂದಕ್ಕೆಳೆದು, ಮೊದಲಿನಂತೆ ಮಗನ ಬೆರಳು ನೀವತೊಡಗಿದಳು. ಮರುದಿನ ಅಂಗಡಿ ತೆರೆದಳೆಂದು ಕೇಳಿದೆ. ಮನೆಗೆ ಹೋಗಿ ಮಲಗಿದಳೆಂದೂ ಕೇಳಿದೆ.

ಅವತ್ತೇ ಸುನ್ಹೆ ವಾಹಿನಿಗೆ ಮೊದಲ ಪತ್ರ ಬರೆದಳು: ಆ ಸಾಲನ್ನು ತೆಗೆದು ಚಿತ್ರವನ್ನು ಮತ್ತೊಮ್ಮೆ ತೋರಿಸಿ, ಇಲ್ಲವೇ ಎಂದೂ ತೋರಿಸಬೇಡಿ. ಪ್ರತಿ ವಸಂತಕ್ಕೆ ಒಂದರಂತೆ ಹನ್ನೆರಡು ಪತ್ರ. ಪರಿಶೀಲನೆಯಲ್ಲಿದೆ ಎಂಬ ಒಂದೇ ವಾಕ್ಯದ ಉತ್ತರ. ಅವಳೊಂದಿಗೆ ಕೆಲಸ ಮಾಡುವುದು ಕಷ್ಟ ಎಂಬ ಸುದ್ದಿ ಎಲ್ಲ ವಾಹಿನಿಗಳಿಗೂ ಹಬ್ಬಿತು. ಯಾರು ಹಬ್ಬಿಸಿದರೆಂದು ಬಲ್ಲೆ. ನಾಲ್ಕು ದೊಡ್ಡ ಚಿತ್ರ ತೆಗೆದವಳು ಹೊಟ್ಟೆಪಾಡಿಗೆ ಮಕ್ಕಳ ಮೊದಲ ಹುಟ್ಟುಹಬ್ಬದ ವಿಡಿಯೊ ಮಾಡತೊಡಗಿದಳು. ಅಲ್ಲೂ ಜಗಳವೇ. ಮಗುವಿನ ಮುಂದೆ ದಾರದ ಉಂಡೆ, ಕುಂಚ, ಪುಸ್ತಕ, ವೈದ್ಯರು ಎದೆಗೆ ಹಚ್ಚುವ ಕೊಳವೆ ಎಲ್ಲ ಇಟ್ಟು, ಅದು ಹಿಡಿದದ್ದೇ ಅದರ ಮುಂದಿನ ಬದುಕು ಎಂದು ಎಲ್ಲರೂ ನೋಡುವ ಹೊತ್ತಿಗೆ ತಂದೆ ಮೆಲ್ಲಗೆ ಅದರ ಮೊಣಕೈಯನ್ನು ಕೊಳವೆಯ ಕಡೆಗೆ ತಳ್ಳುತ್ತಾನಲ್ಲ, ಆಗ ಇವಳು ಕ್ಯಾಮೆರಾ ನಿಲ್ಲಿಸಿಬಿಡುವಳು. "ಏನ್ರೀ ಯಜಮಾನರೇ, ಆರಿಸ್ತಿರೋದು ಮಗುವೋ ನೀವೋ? ನಿಮ್ಮನ್ನೇ ಶೂಟ್ ಮಾಡ್ಬೇಕಾದ್ರೆ ನೀವೇ ಅಲ್ಲಿ ತೆವಳ್ಕೊಂಡು ಬನ್ನಿ." ಅಜ್ಜಿಯರು ನಗುತ್ತಿದ್ದರು. ಎರಡನೆಯ ಮಗುವಿಗೆ ಯಾರೂ ಕರೆಯುತ್ತಿರಲಿಲ್ಲ.

ನಾನು ಒಂದು ವರ್ಷದ ನಂತರ ವಾಹಿನಿ ಬಿಟ್ಟೆ. ಅವಳಿಗೆ ಹೇಳಲಿಲ್ಲ. ಇನ್ನೊಂದು ವರ್ಷ ಕಳೆದು ಅವಳ ಫೋನು ಬಂತು. "ಏ, ಕೆಲಸ ಇಲ್ಲದ ಲೇಖಕಿ, ಈಗ ನಿಜಕ್ಕೂ ಕೆಲಸ ಇಲ್ವಂತೆ? ಮೈಕ್ ಹಿಡಿಯೋರು ಬೇಕು. ಬಾಯಿ ಮುಚ್ಕೊಂಡು ಹಿಡೀಬೇಕು." ಕ್ಷಮಿಸಿದ್ದೇನೆ ಎಂದು ಅವಳು ಹೇಳಲಿಲ್ಲ. ನಾನು ಕೇಳಲೂ ಇಲ್ಲ. ಆ ಒಂಬತ್ತು ನಿಮಿಷವನ್ನು, ತೇಹೊನ ತಾಯಿಯ ಒಪ್ಪಿಗೆ ಪಡೆದು, ನಾವು ಊರೂರು ಹೊತ್ತು ತೋರಿಸಿದೆವು: ಗ್ರಂಥಾಲಯ, ಚರ್ಚಿನ ನೆಲಮಾಳಿಗೆ, ಒಮ್ಮೆ ಒಂದು ಮೀನಿನ ಗೋದಾಮು. ದೀಪ ಹತ್ತಿಸಿದೊಡನೆ ಯಾರಾದರೊಬ್ಬರು ಕೇಳುತ್ತಿದ್ದರು, ಅವನು ಏನು ಹೇಳಿದ ಎಂದು. "ನಿನ್ನ ತಲೆಗೆ ಬಂದದ್ದು ನಿನ್ನದು. ಮನೆಗೆ ತಗೊಂಡು ಹೋಗು, ಅವನಿಗೆ ಹಚ್ಚಬೇಡ," ಎಂದು ಸುನ್ಹೆ ರೇಗುತ್ತಿದ್ದಳು. ತೇಹೊ ಎಂಟು ವರ್ಷದ ಹಿಂದೆ ನಿದ್ದೆಯಲ್ಲಿಯೋ ಎಚ್ಚರದಲ್ಲಿಯೋ ತೀರಿಕೊಂಡ. ಆಮೇಲೂ ಅವಳು ಪತ್ರ ಬರೆಯುವುದನ್ನು ನಿಲ್ಲಿಸಲಿಲ್ಲ. "ಸತ್ತವನ ಬಾಯಲ್ಲಿ ಇನ್ನೂ ನಿನ್ನ ಅಕ್ಷರ ಇದೆಯಲ್ಲೇ," ಎಂದಳು ನನಗೆ, ಊಟದ ಮಧ್ಯೆ, ಬೈಗುಳವೂ ಅಲ್ಲದ ದನಿಯಲ್ಲಿ. ಅದಕ್ಕಿಂತ ದೊಡ್ಡ ಏಟು ನಾನು ತಿಂದಿಲ್ಲ.

ಈಗ ಶವಾಗಾರದ ಪಕ್ಕದ ಸಂತಾಪದ ಕೋಣೆಯ ಮಾತಿಗೆ ಬರುತ್ತೇನೆ. ಅಲ್ಲಿ ನಡೆದದ್ದನ್ನು ಬರೆಯದೆ ಇರಲಾರೆ.

ವಾಹಿನಿಯಿಂದ ಮೂರು ಅಂತಸ್ತಿನ ಬಿಳಿ ಸೇವಂತಿಗೆಯ ಚಕ್ರ ಬಂತು. ಅದರ ಪಟ್ಟಿಯ ಮೇಲೆ, 'ಮಾತಿಲ್ಲದವರಿಗೆ ಮಾತು ಕೊಟ್ಟ ಮಹಾನ್ ನಿರ್ದೇಶಕಿಗೆ.' ಹಿಂದೆಯೇ ಬಾಂಗ್ ಬಂದರು, ಈಗ ಇನ್ನೂ ದೊಡ್ಡ ಹುದ್ದೆ. ಭಾವಚಿತ್ರಕ್ಕೆ ಎರಡು ಸಲ ಅಡ್ಡಬಿದ್ದು, ಬಂದವರಿಗೆಲ್ಲ ಅಲ್ಲೇ ಬಡಿಸುವ ಊಟಕ್ಕೆ ಕೂತು, ಖಾರದ ಸಾರಿಗೆ ಅನ್ನ ಕಲಸುತ್ತ ನನ್ನನ್ನು ಕೇಳಿದರು:

"ಕೊನೇಲಿ ಏನಂದ್ರು ಸುನ್ಹೆಯವರು?"

"ಏನೂ ಅನ್ನಲಿಲ್ಲ. ನಾಲ್ಕು ದಿನದಿಂದ ಮಾತೇ ಇರಲಿಲ್ಲ."

"ಏನೂ ಇಲ್ಲದೆ ಇರುತ್ತಾ! ಜೀವನ ಪೂರ್ತಿ ಪ್ರಜ್ಞೆ ಅಂತ ಓಡಾಡಿದವರು. ಕಣ್ಣಲ್ಲಾದ್ರೂ ಏನೋ ಹೇಳಿರ್ತಾರೆ. ನಿಮಗೆ ಗೊತ್ತಾಗಿರ್ಬೇಕಲ್ಲ, ಲೇಖಕಿ ನೀವು."

"ಸಾರ್, ಆ ಸಾಲು ತೆಗೀರಿ."

"ಯಾವ ಸಾಲು?"

ಅವರಿಗೆ ನೆನಪೇ ಇರಲಿಲ್ಲ. ಹನ್ನೆರಡು ಪತ್ರ! ನನ್ನ ಕೈಯಲ್ಲಿದ್ದ ಬಟ್ಟಲನ್ನು ನಾನು ಅವರ ತಲೆಯ ಮೇಲೆ ಮಗುಚಲಿಲ್ಲವೆಂಬುದಕ್ಕೆ ಇಂದಿಗೂ ಪಶ್ಚಾತ್ತಾಪವಿದೆ. ಅಷ್ಟರಲ್ಲಿ ತೇಹೊನ ತಾಯಿ ಬಂದಳು. ಅಂಗಡಿಯ ರಬ್ಬರ್ ಬೂಟಿನಲ್ಲೇ ಬಂದು, ಅದನ್ನು ಬಾಗಿಲಲ್ಲಿ ಬಿಟ್ಟು, ನಮಸ್ಕರಿಸಿ ಎದ್ದವಳು ಆ ಹೂವಿನ ಚಕ್ರದ ಮುಂದೆ ನಿಂತು ಪಟ್ಟಿಯನ್ನು ಒಂದೊಂದೇ ಅಕ್ಷರ ಓದಿದಳು. ತನಗಿಂತ ಒಂದು ಮೊಳ ಎತ್ತರದ ಅದನ್ನು ಎರಡು ಕೈಯಲ್ಲೂ ತಬ್ಬಿ, ಏದುಸಿರು ಬಿಡುತ್ತ, ಗೋಡೆಯ ಕಡೆಗೆ ಮುಖ ಮಾಡಿ ತಿರುಗಿಸಿಟ್ಟಳು. ಆಮೇಲೆ ಕೈ ಒರೆಸಿಕೊಂಡು ಬಾಂಗ್ ಕಡೆ ನೋಡಿ, "ಊಟ ಆಯ್ತಾ ಸಾಹೇಬ್ರೇ? ಆಗಿದ್ರೆ ಜಾಗ ಬಿಡಿ, ಬಂದೋರು ಕೂತ್ಕೋಬೇಕು," ಎಂದಳು.

ಅವರು ಹೋದರು. ಹೋಗಿ ಮಾಡಿದ್ದೇನು? ಮರುದಿನ ಸಂಜೆ ವಾಹಿನಿಯ ಶ್ರದ್ಧಾಂಜಲಿ ಕಾರ್ಯಕ್ರಮದಲ್ಲಿ ಸುನ್ಹೆಯ ಕೊನೆಯ ಮಾತೆಂದು 'ಬೆಳಕು ಕಾಣಿಸುತ್ತಿದೆ' ಎಂಬುದನ್ನು ಅವಳ ಭಾವಚಿತ್ರದ ಕೆಳಗೆ ಹಾಕಿದರು. ಪತ್ರಿಕೆಗಳು ಅದನ್ನೇ ಎತ್ತಿಕೊಂಡವು. ಅದಾದ ಮೇಲೆ ತೇಹೊನ ಮುಖ ಬಂತು. ಅವನ ತುಟಿ ತೆರೆಯಿತು. ಕೆಳಗೆ, ಬಿಳಿಯ ಅಕ್ಷರದಲ್ಲಿ, ನಾನು ಒಂದು ನಿಮಿಷದಲ್ಲಿ ಬರೆದ ಸುಳ್ಳು.

ಆದ್ದರಿಂದ ನನ್ನ ಹೆಸರು ಹಾಕಿ ಇದನ್ನು ಅಚ್ಚಿಗೆ ಕೊಡುತ್ತಿದ್ದೇನೆ. ತೇಹೊ ಆ ಮಾತನ್ನು ಹೇಳಲಿಲ್ಲ. ಸುನ್ಹೆ ಬೆಳಕಿನ ಮಾತು ಆಡಲಿಲ್ಲ. ಮೊದಲನೆಯದನ್ನು ಬರೆದವಳು ನಾನು. ಎರಡನೆಯದನ್ನು ಈಗ ನನ್ನ ಕುರ್ಚಿಯಲ್ಲಿ ಕೂತಿರುವ, ನನ್ನಷ್ಟೇ ಜಾಣಳಾದ ಯಾರೋ ಬರೆದಿದ್ದಾಳೆ. ಹದಿಮೂರನೆಯ ಪತ್ರವನ್ನು ನಾನು ಕಳಿಸಿದ್ದೇನೆ. ಉತ್ತರ ಬರುವ ತನಕ ವಾಹಿನಿಯ ಬಾಗಿಲಲ್ಲಿ ದಿನವೂ ಬೆಳಿಗ್ಗೆ ನಿಲ್ಲುತ್ತೇನೆ. ತೇಹೊನ ತಾಯಿ ಸೋಮವಾರಗಳಂದು ಬರುತ್ತಾಳೆ, ಅಂದು ಮಾರುಕಟ್ಟೆಗೆ ರಜೆ.

ಸುನ್ಹೆಯಂಥವರೊಡನೆ ಬದುಕುವುದು ಸುಖದ ವಿಷಯವಲ್ಲ. ನಾವು ಹಸಿದಾಗ ಅವರು ಬಿಸಿನೀರು ಕುಡಿಸುತ್ತಾರೆ. ಸಮಾಧಾನ ಬೇಡಿದರೆ ಗೊತ್ತಿಲ್ಲ ಎನ್ನುತ್ತಾರೆ. ತಾಯಿಯ ಸಾವಿಗೆ ಬರುವುದಿಲ್ಲ, ಅಪರಿಚಿತನ ಹಾಸಿಗೆಯ ಪಕ್ಕ ವರ್ಷಗಟ್ಟಲೆ ಕೂರುತ್ತಾರೆ. ಇನ್ನೊಬ್ಬರ ಒಳಗನ್ನು ಬಲ್ಲೆವೆಂದು ನಂಬಿ, ಅದನ್ನೇ ಪ್ರೀತಿಯೆಂದು ಕರೆದುಕೊಂಡು ನಾವೆಲ್ಲ ಬೆಚ್ಚಗಿರುವ ಮನೆಯಲ್ಲಿ ಇಂಥವರು ಕಿಟಕಿ ತೆಗೆದುಬಿಡುತ್ತಾರೆ. ಅವರಿರುವ ತನಕ ಚಳಿಗೆ ಬೈಯುತ್ತೇವೆ. ಅವರು ಸತ್ತ ದಿನವೇ ಕಿಟಕಿ ಮುಚ್ಚಿ, ಗಾಜಿನ ಮೇಲೆ ಅವರ ಹೆಸರು ಬರೆಯುತ್ತೇವೆ. ಅವರನ್ನು ನಾವು ಕೊಲ್ಲುವ ಕ್ರಮ ಇದು.

ಸುನ್ಹೆ ತೀರಿಕೊಂಡ ಆ ಮಧ್ಯಾಹ್ನ ಆಸ್ಪತ್ರೆಯ ಕೋಣೆಯಲ್ಲಿ ಅವಳ ಅಣ್ಣನ ಮಗನೂ ನಾನೂ ಇದ್ದೆವು. ನಾನು ಅವಳ ಪಕ್ಕದಲ್ಲಿ ಕೂತು ಅವಳು ನೋಡುತ್ತಿದ್ದ ಗೋಡೆಯನ್ನು ನೋಡುತ್ತಿದ್ದೆ. ಎರಡು ಗಂಟೆ ದಾಟಿತ್ತು. ಸುನ್ಹೆ ಎಡಗಾಲನ್ನು ಮೆಲ್ಲಗೆ ಸರಿಸಿ ಸರಿಸಿ, ನಡುವೆ ಒಮ್ಮೆ ನಿಲ್ಲಿಸಿ, ಹೊದಿಕೆಯ ಹೊರಗೆ ಚಾಚಿದಳು. ಹುಡುಗ ಎದ್ದು, "ಅತ್ತೆಗೆ ಸೆಕೆ..." ಎನ್ನುತ್ತ ಕಿಟಕಿಯ ಕಡೆ ಹೊರಟ. ನಾನು ಅವನ ಕೈ ಹಿಡಿದು ಕೂರಿಸಿದೆ. ಪಾದ ಹೊರಗೇ ಇತ್ತು.